ಮುಳುಗಿದ ಹಡಗಿನಿಂದ ನೆಗೆಟಿವ್ ತಂದವನು

ಹೋದ ತಿಂಗಳು ನಮ್ಮೂರ ಬಸ್ ಸ್ಟಾಂಡ್ ಹತ್ತಿರದ ಹಳೇ ಫೋಟೋ ಸ್ಟುಡಿಯೋ ಒಂದನ್ನು ಖಾಲಿ ಮಾಡಿದರು. ಬೋರ್ಡು ಇಳಿಯಿತು, ತಾಜಮಹಲಿನ ಪರದೆ ಇಳಿಯಿತು, ಕೊನೆಗೆ ಅಟ್ಟದಿಂದ ರಟ್ಟಿನ ಡಬ್ಬಗಳು ಇಳಿದವು. ಡಬ್ಬದ ತುಂಬ ಗಾಜು. ಬರೀ ಗಾಜಲ್ಲ ಸ್ವಾಮೀ, ಗಾಜಿನ ನೆಗೆಟಿವ್. ಫಿಲಂ ರೋಲು ಬರೋದಕ್ಕೆ ಮುಂಚೆ ಫೋಟೋ ಹೊಡೆಯುತ್ತಿದ್ದದ್ದು ಇಂಥ ಗಾಜಿನ ಮೇಲೇ. ಗುಜರಿಯವನು ಅಷ್ಟನ್ನೂ ತೂಕಕ್ಕೆ ಹಾಕಿಕೊಂಡ. ಸೋಡಾ ಹಾಕಿ ಉಜ್ಜಿದರೆ ಶೋಕೇಸಿಗೆ ಬರುತ್ತೆ ಅನ್ನೋದು ಅವನ ಲೆಕ್ಕ. ಒಂದನ್ನು ಎತ್ತಿ ಬಿಸಿಲಿಗೆ ಹಿಡಿದು ನೋಡಿದೆ. ಮದುವೆಯ ಗಂಡು ಹೆಣ್ಣು. ಮುಖ ಕಪ್ಪು, ಕೂದಲು ಬೆಳ್ಳಗೆ. ಯಾರ ಮನೆಯ ಅಜ್ಜ ಅಜ್ಜಿಯೋ, ಕೇಳೋರಿಲ್ಲ.

ಆ ಗಾಜು ಕೈಯಲ್ಲಿದ್ದಾಗ ನನಗೆ ನೆನಪಾದದ್ದು ನೂರು ವರ್ಷದ ಹಿಂದಿನ ಒಬ್ಬ ಆಸಾಮಿ. ಭೂಮಿಯ ತಳದ ಹಿಮದ ಮೇಲೆ ಕೂತು, ತಾನೇ ತೆಗೆದ ಸುಮಾರು 400 ಗಾಜಿನ ನೆಗೆಟಿವ್‌ಗಳನ್ನು ಕೈಯಾರ ಒಡೆದು ಹಾಕಿದ ಪುಣ್ಯಾತ್ಮ. ಹಾಗೆ ಒಡೆದಿದ್ದರಿಂದಲೇ ಉಳಿದ ನೂರಿಪ್ಪತ್ತನ್ನು ಇವತ್ತೂ ಲೋಕ ನೋಡುತ್ತಿದೆ. ಹೆಸರು ಫ್ರಾಂಕ್ ಹರ್ಲಿ. ಊರು ಆಸ್ಟ್ರೇಲಿಯಾದ ಸಿಡ್ನಿ. ಕಸುಬು, ನಡೆದದ್ದನ್ನು ನಡೆದ ಹಾಗೆ ಫಿಲ್ಮಿಗೆ ಹಿಡಿಯೋದು. ಈ ಕಸುಬಿನಲ್ಲಿ ಅವನು ಎಡವಿದ್ದೂ ಉಂಟು. ಅದನ್ನೂ ಮುಚ್ಚಿಡದೆ ಹೇಳುತ್ತೇನೆ.

ಟೂರಿಂಗ್ ಟಾಕೀಸು ನೋಡಿದ ಹಿರಿಯರಿಗೆ ನೆನಪಿರಬಹುದು. ಪಿಕ್ಚರ್ ಶುರುವಾಗೋ ಮುಂಚೆ ಸರ್ಕಾರದ ನ್ಯೂಸ್ ರೀಲು ಬರುತ್ತಿತ್ತು. ಒಂದು ಅಣೆಕಟ್ಟು, ಒಂದು ಪ್ರವಾಹ, ಒಬ್ಬ ಮಂತ್ರಿ ಕೈ ಬೀಸೋದು. ಜನ ಆ ಹೊತ್ತಿಗೆ ಬೀಡಿ ಸೇದಲಿಕ್ಕೆ ಹೊರಗೆ ಹೋಗುತ್ತಿದ್ದರು. ಪ್ರವಾಹದ ನೀರಲ್ಲಿ ಕ್ಯಾಮರಾ ಹೊತ್ತು ನಿಂತವನು ಯಾರು ಅಂತ ಯಾರೂ ಕೇಳಲಿಲ್ಲ. ಹರ್ಲಿ ಆ ಜಾತಿಯವನು. ಆದರೆ ಅವನ ಹೆಸರು ಮಾತ್ರ ಉಳಿಯಿತು.

ಶಾಲೆ ಬಿಟ್ಟ ಹುಡುಗ

ಹರ್ಲಿ ಹುಟ್ಟಿದ್ದು 1885ರ ಅಕ್ಟೋಬರ್ 15ರಂದು, ಸಿಡ್ನಿಯ ಗ್ಲೀಬ್ ಎಂಬ ಬಡಾವಣೆಯಲ್ಲಿ. ಅಪ್ಪ ಪ್ರಿಂಟಿಂಗ್ ಕೆಲಸದವನು, ಜೊತೆಗೆ ಕಾರ್ಮಿಕ ಸಂಘದ ಮುಂದಾಳು. ಮಗನಿಗೆ ಶಾಲೆ ಹಿಡಿಸಲಿಲ್ಲ. ಹದಿಮೂರನೇ ವಯಸ್ಸಿಗೆ ಶಾಲೆಗೂ ಮನೆಗೂ ಶರಣು ಹೊಡೆದು ಲಿತ್‌ಗೋ ಊರಿನ ಕಬ್ಬಿಣದ ಕಾರ್ಖಾನೆ ಸೇರಿದ. ಪಿಯುಸಿಗೆ ಅರ್ಧದಲ್ಲೇ ನಮಸ್ಕಾರ ಹೇಳಿದ ನನಗೆ ಈ ಭಾಗ ಓದುವಾಗ ಸ್ವಲ್ಪ ಸಮಾಧಾನ ಆಗುತ್ತದೆ, ಅದೂ ನಿಜ.

ಹದಿನೇಳಕ್ಕೆ ಮೊದಲನೇ ಕ್ಯಾಮರಾ ಕೊಂಡ. ಹದಿನೈದು ಶಿಲ್ಲಿಂಗಿನ ಕೊಡಕ್ ಡಬ್ಬ, ವಾರಕ್ಕೊಂದು ಶಿಲ್ಲಿಂಗ್ ಕಂತು. ನಮ್ಮಲ್ಲಿ ಸೈಕಲ್ಲು, ಮಿಕ್ಸಿ ಕಂತಿನಲ್ಲಿ ಕೊಂಡ ಹಾಗೇ. ಇಪ್ಪತ್ತು ತುಂಬುವ ಹೊತ್ತಿಗೆ ಪಾಲುದಾರನೊಬ್ಬನ ಜೊತೆ ಸಿಡ್ನಿಯಲ್ಲಿ ಪೋಸ್ಟ್‌ಕಾರ್ಡ್ ವ್ಯಾಪಾರಕ್ಕಿಳಿದ. ಆಗ ಚಿತ್ರದ ಪೋಸ್ಟ್‌ಕಾರ್ಡಿಗೆ ಎಲ್ಲಿಲ್ಲದ ಗಿರಾಕಿ. ಅಷ್ಟೇ ಪೈಪೋಟಿ ಕೂಡ. ಬೇರೆಯವರು ತೆಗೆಯದ ಚಿತ್ರ ತೆಗೆದರೆ ಮಾತ್ರ ಮಾಲು ಖರ್ಚಾಗೋದು. ಅದಕ್ಕೆ ಹರ್ಲಿ ಕಂಡುಕೊಂಡ ದಾರಿ ಒಂದೇ, ಬೇರೆಯವರು ನಿಲ್ಲದ ಜಾಗದಲ್ಲಿ ನಿಲ್ಲೋದು. ಓಡಿ ಬರುತ್ತಿರುವ ರೈಲಿನ ಎದುರು ಹಳಿಯ ಮೇಲೆ ನಿಂತು ಫೋಟೋ ಹೊಡೆಯುತ್ತಿದ್ದ. ಬಂಡೆಗೆ ಅಪ್ಪಳಿಸೋ ಸಮುದ್ರದಲೆಗೆ ಮೈಯೊಡ್ಡಿ ಹೊಡೆಯುತ್ತಿದ್ದ. ಈ ಹುಚ್ಚು ಧೈರ್ಯವೇ ಅವನ ಬಂಡವಾಳ.

ಗಾಳಿಯ ಮನೆಯಲ್ಲಿ

1911ರಲ್ಲಿ ಡಗ್ಲಸ್ ಮಾಸನ್ ಎಂಬ ವಿಜ್ಞಾನಿ ದಕ್ಷಿಣ ಧ್ರುವದ ಕಡೆಗೆ ಒಂದು ದಂಡು ಕಟ್ಟಿದ. ಅದಕ್ಕೆ ಕ್ಯಾಮರಾದವನು ಬೇಕಿತ್ತು. ಹರ್ಲಿ ಹೇಗಾದರೂ ಮಾಡಿ ಮಾಸನ್ ಹೋಗುತ್ತಿದ್ದ ರೈಲಿನ ಡಬ್ಬಿ ಹತ್ತಿ, ದಾರಿಯುದ್ದಕ್ಕೂ ತಲೆ ತಿಂದು ಕೆಲಸ ಗಿಟ್ಟಿಸಿದ ಅಂತ ಕತೆ. ವಯಸ್ಸು ಇಪ್ಪತ್ತಾರು. ಆ ವರ್ಷ ಡಿಸೆಂಬರ್ 2ರಂದು ಹೊಬಾರ್ಟ್ ಬಂದರಿನಿಂದ 'ಅರೋರಾ' ಹಡಗು ಹೊರಟಿತು.

ಹೋಗಿ ಇಳಿದ ಜಾಗ ಕೇಪ್ ಡೆನಿಸನ್. ಸಮುದ್ರ ಮಟ್ಟದಲ್ಲಿ ಇದಕ್ಕಿಂತ ಗಾಳಿಯ ಜಾಗ ಭೂಮಿ ಮೇಲೆ ಇಲ್ಲ ಅಂತ ಲೆಕ್ಕ. ವರ್ಷದ ಸರಾಸರಿಯೇ ಗಂಟೆಗೆ ಹೆಚ್ಚು ಕಡಿಮೆ 80 ಕಿಲೋಮೀಟರ್. ನಮ್ಮ ಎಕ್ಸ್‌ಪ್ರೆಸ್ ಬಸ್ಸಿನ ಕಿಟಕಿಯಿಂದ ತಲೆ ಹೊರಗೆ ಹಾಕಿದಾಗ ಬಡಿಯೋ ಗಾಳಿ ಇದೆಯಲ್ಲ, ಅದು ಹಗಲೂ ರಾತ್ರಿ, ಹಿಮದ ಪುಡಿ ಬೆರೆಸಿಕೊಂಡು. ಅದರಲ್ಲಿ ಮೂರು ಕಾಲಿನ ಸ್ಟಾಂಡು ನಿಲ್ಲಿಸಿ ಕೈಯಲ್ಲಿ ಹಿಡಿ ತಿರುಗಿಸಿ ರೀಲು ಓಡಿಸಬೇಕು. ಆಗಿನ ಸಿನಿಮಾ ಕ್ಯಾಮರಾಕ್ಕೆ ಮೋಟರಿಲ್ಲ, ಕೈಯೇ ಮೋಟರು. ಒಂದೇ ಸಮ ತಿರುಗಿಸದಿದ್ದರೆ ಪರದೆಯ ಮೇಲೆ ಮನುಷ್ಯ ಓಡಿದಂತೆಯೋ ತೆವಳಿದಂತೆಯೋ ಕಾಣುತ್ತಾನೆ. ಗ್ಲೌಸ್ ಹಾಕಿದರೆ ಸ್ಕ್ರೂ ಸಿಗೋದಿಲ್ಲ, ತೆಗೆದರೆ ಬೆರಳು ಲೋಹಕ್ಕೆ ಅಂಟಿ ಚರ್ಮ ಕೀಳುತ್ತದೆ. ಫಿಲಂ ಚಳಿಗೆ ಗಡುಸಾಗಿ ಹಪ್ಪಳದ ಹಾಗೆ ಮುರಿಯುತ್ತದೆ. ಇಷ್ಟರಲ್ಲೂ ರೀಲು ತಂದ.

ಬರೀ ಕ್ಯಾಮರಾ ಕೆಲಸವಲ್ಲ. 1912ರ ಕೊನೆಯಲ್ಲಿ ಇಬ್ಬರು ಸಂಗಾತಿಗಳ ಜೊತೆ ಗಾಡಿ ಎಳೆದುಕೊಂಡು ಕಾಂತ ಧ್ರುವ ಹುಡುಕಿ ನಡೆದ. ಸುಮಾರು 80 ಕಿಲೋಮೀಟರ್ ಬಾಕಿ ಇದ್ದಾಗ ತಿನ್ನೋದಕ್ಕೆ ಸಾಲದೆ ವಾಪಸು ತಿರುಗಿದರು. ಬರುವಾಗ ಹೂತಿಟ್ಟ ಊಟದ ಮೂಟೆ ಸಿಗಲಿಲ್ಲ. ಅರೆಹೊಟ್ಟೆಯಲ್ಲಿ, ಹಿಮದ ಬೆಳಕಿಗೆ ಕಣ್ಣು ಕೆಟ್ಟು, ಅಂತೂ ಜೀವ ಹಿಡಿದು ಬಂದು ಮುಟ್ಟಿದರು. ಮಾಸನ್ ಜೊತೆ ಬೇರೆ ಕಡೆ ಹೋಗಿದ್ದ ಇಬ್ಬರು ಬರಲೇ ಇಲ್ಲ. ಮಾಸನ್ ಒಬ್ಬನೇ ಬಂದ.

1913ರಲ್ಲಿ 'ಹೋಮ್ ಆಫ್ ದಿ ಬ್ಲಿಜರ್ಡ್' ಪಿಕ್ಚರ್ ಪರದೆಗೆ ಬಂತು. ಜನ ಮೈ ಜುಂ ಅನ್ನಿಸಿಕೊಂಡು ನೋಡಿದರು.

ಒಡೆದದ್ದು ನಾನೂರು

ಈ ಪಿಕ್ಚರಿನ ಸುದ್ದಿ ಇಂಗ್ಲೆಂಡ್ ಮುಟ್ಟಿತು. ಅರ್ನೆಸ್ಟ್ ಶ್ಯಾಕಲ್‌ಟನ್ ಎಂಬ ನಾವಿಕ ಅಂಟಾರ್ಟಿಕ ಖಂಡವನ್ನು ಅಡ್ಡಲಾಗಿ ದಾಟುತ್ತೇನೆ ಅಂತ ಹೊರಟಿದ್ದ. ಅದಕ್ಕೆ ದುಡ್ಡು ಹೊಂದಿಸುವಾಗ ಇನ್ನೂ ತೆಗೆಯದ ಸಿನಿಮಾದ ಹಕ್ಕನ್ನೇ ಮುಂಗಡವಾಗಿ ಮಾರಿದ್ದ. ಬೆಳೆಯೋ ಮುಂಚೆ ಅಡಿಕೆ ಚೇಣಿಗೆ ಕೊಟ್ಟ ಹಾಗೆ. ಹೀಗಾಗಿ ಕ್ಯಾಮರಾದವನು ಆ ಹಡಗಿನಲ್ಲಿ ಶೋಕಿಗೆ ಇದ್ದವನಲ್ಲ. ಅವನ ರೀಲು ಬಂದರೆ ಸಾಲ ತೀರುತ್ತದೆ, ಬರದಿದ್ದರೆ ಇಲ್ಲ. 1914ರ ಅಕ್ಟೋಬರಿನಲ್ಲಿ ಹರ್ಲಿ ಬ್ಯೂನಸ್ ಐರಿಸ್‌ನಲ್ಲಿ 'ಎಂಡ್ಯೂರೆನ್ಸ್' ಹಡಗು ಹತ್ತಿದ. ಡಿಸೆಂಬರ್ 5ರಂದು ಹಡಗು ಸೌತ್ ಜಾರ್ಜಿಯಾ ದ್ವೀಪ ಬಿಟ್ಟಿತು.

1915ರ ಜನವರಿಯಲ್ಲಿ ವೆಡೆಲ್ ಸಮುದ್ರದ ಹಿಮ ಹಡಗನ್ನು ಕಚ್ಚಿ ಹಿಡಿಯಿತು. ನೆಲ ಮುಟ್ಟೋದಕ್ಕೆ ಒಂದು ದಿನದ ಹಾದಿ ಅಷ್ಟೇ ಬಾಕಿ. ಒಂಬತ್ತು ತಿಂಗಳು ಹಡಗು ಬಿಡಲಿಲ್ಲ. ಇಪ್ಪತ್ತೆಂಟು ಜನ, ನಾಯಿಗಳು, ತಿಂಗಳುಗಟ್ಟಲೆ ರಾತ್ರಿ. ಹರ್ಲಿ ಮಾತ್ರ ಹಗ್ಗ ಹಿಡಿದು ಪಟಸ್ತಂಭದ ತುದಿ ಹತ್ತಿ ಮೇಲಿನಿಂದ ಚಿತ್ರ ತೆಗೆದ. ಆಗಸ್ಟ್ 27ರ ಕತ್ತಲಲ್ಲಿ ಹಡಗಿನ ಸುತ್ತ ಹಿಮಗುಡ್ಡೆಗಳ ಹಿಂದೆ ಸುಮಾರು ಇಪ್ಪತ್ತು ಕಡೆ ಫ್ಲ್ಯಾಶ್ ಇಟ್ಟು ಹೊತ್ತಿಸಿದ. ಕಣ್ಣು ಕೋರೈಸಿ, ಕತ್ತಲಲ್ಲಿ ಎಡವಿ ಬಿದ್ದ. ಆದರೆ ಚಿತ್ರ ಬಂತು. ಕಪ್ಪು ಆಕಾಶದ ಕೆಳಗೆ ಬೆಳ್ಳಗೆ ಹೊಳೆಯೋ ಆ ಹಡಗು ದೆವ್ವದ ತೇರಿನ ಹಾಗೆ ಕಾಣುತ್ತದೆ.

ಅಕ್ಟೋಬರ್ 27ಕ್ಕೆ ಹಿಮದ ಒತ್ತಡಕ್ಕೆ ಹಲಗೆಗಳು ಸಿಡಿದವು. ಎಲ್ಲರೂ ಇಳಿದು ಹಿಮದ ಮೇಲೆ ಗುಡಾರ ಹಾಕಿದರು. ಕಂಬಗಳು ಮುರಿದು ಬೀಳೋದನ್ನು ಹರ್ಲಿ ಸಿನಿಮಾ ಕ್ಯಾಮರಾದಲ್ಲಿ ಹಿಡಿದ. ಅಷ್ಟರಲ್ಲಿ ಅವನಿಗೆ ಎದೆ ಧಸಕ್ ಅಂದದ್ದು ಇನ್ನೊಂದಕ್ಕೆ. ಒಂದು ವರ್ಷದ ನೆಗೆಟಿವ್, ರೀಲು ಎಲ್ಲಾ ಹಡಗಿನ ಹೊಟ್ಟೆಯಲ್ಲೇ ಉಳಿದಿತ್ತು. ಡಬ್ಬಗಳಿಗೆ ಬೆಸುಗೆ ಹಾಕಿದ್ದ, ಅದೊಂದೇ ಧೈರ್ಯ. ಕೆಲವು ದಿನ ಬಿಟ್ಟು ಅರ್ಧ ಮುಳುಗಿದ ಹಡಗಿಗೆ ವಾಪಸು ಹೋದ. ಗೋಡೆ ಕಡಿದು, ಬಟ್ಟೆ ಬಿಚ್ಚಿ, ಹಿಮದ ಚೂರು ತೇಲುತ್ತಿದ್ದ ನೀರಿಗೆ ಧುಮುಕಿದ. ಕೈಯಾಡಿಸಿ ಕೈಯಾಡಿಸಿ ಡಬ್ಬ ಹುಡುಕಿ ಮೇಲೆ ತಂದ. ಒಳಗೆ ಹನಿ ನೀರು ಹೋಗಿರಲಿಲ್ಲ.

ತಂದದ್ದೇನೋ ಆಯಿತು. ಹೊರೋದು ಹೇಗೆ? ಮುಂದೆ ದೋಣಿಯಲ್ಲಿ ಹೋಗಬೇಕು. ಒಬ್ಬೊಬ್ಬನಿಗೂ ಸ್ವಂತ ಸಾಮಾನು ಎರಡೇ ಪೌಂಡು, ಅಂದರೆ ಒಂದು ಕೆಜಿಗೂ ಕಡಿಮೆ ಅಂತ ಶ್ಯಾಕಲ್‌ಟನ್ ಕಟ್ಟಪ್ಪಣೆ ಮಾಡಿದ್ದ. ತನ್ನ ಚಿನ್ನದ ನಾಣ್ಯಗಳನ್ನೇ ಎಲ್ಲರೆದುರು ಹಿಮಕ್ಕೆ ಎಸೆದಿದ್ದ. ಒಬ್ಬನ ಬ್ಯಾಂಜೋ ವಾದ್ಯಕ್ಕೆ ಮಾತ್ರ ರಿಯಾಯಿತಿ, ಮನಸ್ಸಿಗೆ ಔಷಧಿ ಬೇಕಲ್ಲ. ಗಾಜು ಅಂದರೆ ಭಾರ. ನವೆಂಬರ್ 9ರಂದು ಹರ್ಲಿಯೂ ಶ್ಯಾಕಲ್‌ಟನ್ನೂ ಹಿಮದ ಮೇಲೆ ಎದುರುಬದುರು ಕೂತರು. ಒಂದೊಂದೇ ಗಾಜು ಎತ್ತಿ ಬೆಳಕಿಗೆ ಹಿಡಿದು ನೋಡಿದರು. ಇದು ಬೇಕು, ಇದು ಬೇಡ. ಬೇಡ ಅಂದದ್ದನ್ನು ಪಕ್ಕಕ್ಕಿಡಲಿಲ್ಲ, ಅಲ್ಲೇ ಒಡೆದರು. ಯಾಕೆ ಗೊತ್ತಾ? ರಾತ್ರಿ ಮನಸ್ಸು ಕರಗಿ ಮತ್ತೆ ಎತ್ತಿಕೊಳ್ಳಬಾರದು ಅಂತ. ಸುಮಾರು 120 ಉಳಿದವು, 400 ಚೂರಾದವು. ಉಳಿದದ್ದನ್ನು ಡಬ್ಬಕ್ಕೆ ಹಾಕಿ ಮತ್ತೆ ಬೆಸುಗೆ. ದೊಡ್ಡ ಕ್ಯಾಮರಾಗಳನ್ನೂ ಅಲ್ಲೇ ಬಿಟ್ಟ. ಕೈಯಲ್ಲಿ ಉಳಿದದ್ದು ಜೇಬಿನ ಕೊಡಕ್ ಒಂದು, ಫಿಲಂ ರೋಲು ಮೂರು.

ನವೆಂಬರ್ 21ಕ್ಕೆ ಹಡಗು ತಳ ಸೇರಿತು.

ಆಮೇಲೆ ಐದು ತಿಂಗಳು ತೇಲುವ ಹಿಮದ ಮೇಲೆ ಬದುಕು. 1916ರ ಏಪ್ರಿಲಿನಲ್ಲಿ ಮೂರು ದೋಣಿಯಲ್ಲಿ ಎಲಿಫೆಂಟ್ ದ್ವೀಪ ಸೇರಿದರು. ಶ್ಯಾಕಲ್‌ಟನ್ ಐದು ಜನರ ಜೊತೆ ಚಿಕ್ಕ ದೋಣಿಯಲ್ಲಿ ಸುಮಾರು 1300 ಕಿಲೋಮೀಟರ್ ದೂರದ ಸೌತ್ ಜಾರ್ಜಿಯಾಕ್ಕೆ ಸಹಾಯ ತರಲು ಹೊರಟ. ಉಳಿದ ಇಪ್ಪತ್ತೆರಡು ಜನ ಎರಡು ದೋಣಿ ಮಗುಚಿ ಹಾಕಿ ಅದರ ಕೆಳಗೆ ನಾಲ್ಕು ತಿಂಗಳು ಸೀಲು, ಪೆಂಗ್ವಿನ್ ತಿಂದು ಕಾಲ ಹಾಕಿದರು. ಹರ್ಲಿ ಆ ಮೂರು ರೋಲುಗಳನ್ನು ಜಿಪುಣ ಶೆಟ್ಟರ ಹಾಗೆ ಎಣಿಸಿ ಎಣಿಸಿ ಖರ್ಚು ಮಾಡಿದ. ಆಗಸ್ಟ್ 30ರಂದು ಚಿಲಿ ದೇಶದ 'ಯೆಲ್ಚೊ' ಎಂಬ ಸಣ್ಣ ಹಡಗು ಬಂತು. ನಾಲ್ಕನೇ ಪ್ರಯತ್ನ ಅದು. ಎಂಡ್ಯೂರೆನ್ಸ್ ಹಡಗಿನ ಇಪ್ಪತ್ತೆಂಟು ಜನರೂ ಬದುಕಿದರು. ಡಬ್ಬಗಳೂ ಬದುಕಿದವು.

ಲಂಡನ್ನಿಗೆ ಬಂದರೆ ಪಿಕ್ಚರಿನಲ್ಲಿ ಪ್ರಾಣಿಗಳು ಸಾಲದು ಅನ್ನೋ ತಕರಾರು. ಸರಿ, 1917ರ ಮೊದಲಲ್ಲಿ ಮತ್ತೆ ಸೌತ್ ಜಾರ್ಜಿಯಾಕ್ಕೆ ಹೋಗಿ ಪೆಂಗ್ವಿನ್ನು, ಸೀಲು ತುಂಬಿಕೊಂಡು ಬಂದ. ಈ ಪಿಕ್ಚರು 'ಸೌತ್' ಹೆಸರಲ್ಲಿ 1919ರಲ್ಲಿ ಬಂತು. ಶ್ಯಾಕಲ್‌ಟನ್ ಅದನ್ನು ತೋರಿಸುತ್ತಾ ದಿನಕ್ಕೆರಡು ಸಲ ತಿಂಗಳುಗಟ್ಟಲೆ ಲಂಡನ್ನಿನಲ್ಲಿ ಭಾಷಣ ಮಾಡಿದ. ತನ್ನ ಹಡಗು ಮುಳುಗೋದನ್ನು ತಾನೇ ದಿನಾ ಎರಡು ಸಲ ನೋಡಿ ಸಾಲ ತೀರಿಸೋದು ಅಂದರೆ ಎಂಥಾ ಕರ್ಮ, ಯೋಚಿಸಿ.

ಹನ್ನೆರಡು ನೆಗೆಟಿವ್, ಒಂದು ಜಗಳ

ಇಲ್ಲಿಗೆ ಹರ್ಲಿಯ ಒಳ್ಳೇ ಮುಖ ಆಯಿತು. ಈಗ ಇನ್ನೊಂದು.

1917ರಲ್ಲಿ ಆಸ್ಟ್ರೇಲಿಯಾ ಸೈನ್ಯ ಅವನನ್ನು ಕ್ಯಾಪ್ಟನ್ ಪದವಿ ಕೊಟ್ಟು ಅಧಿಕೃತ ಫೋಟೋಗ್ರಾಫರ್ ಮಾಡಿ ಬೆಲ್ಜಿಯಂನ ಈಪ್ರ್ ಯುದ್ಧಭೂಮಿಗೆ ಕಳಿಸಿತು. ಎಲ್ಲಿ ನೋಡಿದರೂ ಕೆಸರು, ಸುಟ್ಟ ಮರದ ಮೋಟು, ಹೆಣ. ಶೆಲ್ಲು ಬೀಳುವ ಕಡೆಯೇ ಕ್ಯಾಮರಾ ಹೊತ್ತು ಓಡುತ್ತಿದ್ದ ಇವನಿಗೆ ಸಿಪಾಯಿಗಳು ಹುಚ್ಚು ಫೋಟೋಗ್ರಾಫರ್ ಅಂತಲೇ ಹೆಸರಿಟ್ಟರು. ಅಕ್ಟೋಬರ್ 29ರಂದು ಷಾಟೋ ವುಡ್ ಎಂಬಲ್ಲಿ ಸತ್ತ ಕಾಡಿನ ನಡುವೆ ಹಲಗೆ ಹಾದಿಯ ಮೇಲೆ ಸಿಪಾಯಿಗಳು ನಡೆಯೋ ಚಿತ್ರ ತೆಗೆದ. ಆ ಮಹಾಯುದ್ಧದ ಯಾವ ಪುಸ್ತಕ ತೆಗೆದರೂ ಈ ಚಿತ್ರ ಇದ್ದೇ ಇರುತ್ತದೆ. ಅದರಲ್ಲಿ ಮೋಸವಿಲ್ಲ.

ಆದರೆ ಹರ್ಲಿಗೆ ತೃಪ್ತಿಯಿಲ್ಲ. ಯುದ್ಧ ಅಂದರೆ ಮೈಲಿಗಟ್ಟಲೆ ಹರಡಿದ ಗದ್ದಲ. ಸಿಪಾಯಿ ಇಲ್ಲಿ ಏಳುತ್ತಾನೆ, ಶೆಲ್ಲು ಅಲ್ಲಿ ಸಿಡಿಯುತ್ತದೆ, ವಿಮಾನ ಬರೋದು ಇನ್ಯಾವಾಗಲೋ. ಒಂದೇ ನೆಗೆಟಿವಿಗೆ ಎಲ್ಲಾ ಬರೋದಿಲ್ಲ, ಬಂದ ಚಿತ್ರ ಯುದ್ಧದ ಹಾಗೇ ಕಾಣೋದಿಲ್ಲ ಅನ್ನೋದು ಅವನ ವಾದ. ಅದಕ್ಕೆ ಡಾರ್ಕ್ ರೂಮಿನಲ್ಲಿ ಹಲವು ನೆಗೆಟಿವ್ ಸೇರಿಸಿ ಒಂದೇ ಚಿತ್ರ ಮಾಡಿದ. ಒಂದಕ್ಕಂತೂ ಹನ್ನೆರಡು ನೆಗೆಟಿವ್ ಜೋಡಿಸಿದ. ಮೇಲೆ ವಿಮಾನ, ನಡುವೆ ಹೊಗೆ, ಕೆಳಗೆ ಕಂದಕದಿಂದ ಏಳುವ ಸೈನ್ಯ. ಆರು ಮೀಟರಿಗೂ ಅಗಲ ಹಿಗ್ಗಿಸಿ 1918ರಲ್ಲಿ ಲಂಡನ್ ಪ್ರದರ್ಶನದಲ್ಲಿ ನೇತು ಹಾಕಿದಾಗ ಜನ ಬಾಯಿಬಿಟ್ಟು ನೋಡಿದರು.

ಸೈನ್ಯದ ಚರಿತ್ರೆ ಬರೆಯುತ್ತಿದ್ದ ಚಾರ್ಲ್ಸ್ ಬೀನ್‌ಗೆ ಇದು ಸರಿಕಾಣಲಿಲ್ಲ. ಬೀನ್ ಖಡಕ್ ಆಸಾಮಿ. ಸತ್ತವರ ವಿಷಯದಲ್ಲಿ ಒಂದು ಕೂದಲೆಳೆಯಷ್ಟೂ ಸುಳ್ಳು ಇರಬಾರದು, ಇದು ನಕಲಿ ಅಂತ ಕಡ್ಡಿ ಮುರಿದ ಹಾಗೆ ಹೇಳಿದ. ಹರ್ಲಿ ರಾಜೀನಾಮೆಯ ಬೆದರಿಕೆ ಹಾಕಿದ. ಕೊನೆಗೆ ರಾಜಿ ಪಂಚಾಯ್ತಿಯಾಗಿ, ಜೋಡಿಸಿದ ಚಿತ್ರ ಅಂತ ಬರೆದು ಕೆಲವನ್ನು ಮಾತ್ರ ತೋರಿಸಬಹುದು ಅಂತಾಯಿತು. ಯುದ್ಧದ ದಾಖಲೆಗೆ ಒಂದು ಸ್ಮಾರಕ ಬೇಕು ಅಂತ ಪಟ್ಟು ಹಿಡಿದವನೂ ಈ ಬೀನೇ. ಅದು 1941ರಲ್ಲಿ ಕ್ಯಾನ್‌ಬೆರಾದಲ್ಲಿ ಬಾಗಿಲು ತೆರೆಯಿತು. ಹರ್ಲಿಯ ನೆಗೆಟಿವ್‌ಗಳೂ ಅಲ್ಲೇ ಜೋಪಾನವಾಗಿವೆ.

ಇನ್ನೂ ಒಂದುಂಟು. ಎಲಿಫೆಂಟ್ ದ್ವೀಪದಿಂದ ಶ್ಯಾಕಲ್‌ಟನ್ ದೋಣಿ ಹೊರಡುವಾಗ ದಡದವರು ಕೈ ಬೀಸಿದ ಚಿತ್ರವೊಂದಿತ್ತು. ಅದನ್ನೇ ತಿದ್ದಿ, ಬಿಡಿಸಲು ಬಂದ ದೋಣಿಗೆ ಕೈ ಬೀಸುತ್ತಿರುವುದು ಅಂತ ತೋರಿಸಿದರು. ಹೋಗೋ ದೋಣಿ ಬರೋ ದೋಣಿಯಾಯಿತು. ಬಿಡುಗಡೆಯ ದೃಶ್ಯ ಇಲ್ಲದೆ ಕತೆ ಮುಗಿಯೋದಿಲ್ಲ, ನಿಜ. ಆದರೆ ಹಿಮದ ನೀರಿಗೆ ಧುಮುಕಿ ನಿಜವನ್ನು ಎತ್ತಿ ತಂದವನೇ ಅದಕ್ಕೆ ಬಣ್ಣ ಹಚ್ಚಬೇಕಿತ್ತೇ? ನನಗನ್ನಿಸೋದು ಇಷ್ಟು. ಹರ್ಲಿಯೊಳಗೆ ಎರಡು ಜನ ಇದ್ದರು. ಒಬ್ಬ ಸಾಕ್ಷಿ, ಇನ್ನೊಬ್ಬ ಪೋಸ್ಟ್‌ಕಾರ್ಡ್ ವ್ಯಾಪಾರಿ. ಸಾಕ್ಷಿ ಜೀವ ಒತ್ತೆ ಇಟ್ಟ, ವ್ಯಾಪಾರಿ ಗಿರಾಕಿ ನೋಡಿದ. ಇಬ್ಬರೂ ಒಂದೇ ಅಂಗಿಯಲ್ಲಿ ಕೊನೇತನಕ ಇದ್ದರು.

ತಿರುಗಾಟ ನಿಲ್ಲಲಿಲ್ಲ

1918ರ ಏಪ್ರಿಲಿನಲ್ಲಿ ಕೈರೋದಲ್ಲಿ ಆಂಟೊನೆಟ್ ಎಂಬ ಗಾಯಕಿಯ ಪರಿಚಯವಾಗಿ ಹತ್ತೇ ದಿನಕ್ಕೆ ಮದುವೆ. ಮೂರು ಹೆಣ್ಣು, ಒಂದು ಗಂಡು. ಆದರೆ ಕಾಲಿನಲ್ಲಿ ಚಕ್ರ ಇದ್ದ ಮನುಷ್ಯ ಮನೆಯಲ್ಲಿ ನಿಲ್ಲೋದುಂಟೇ?

ಇಪ್ಪತ್ತರ ದಶಕದಲ್ಲಿ ಪಾಪುವಾ ಕಾಡಿಗೆ ಹೋಗಿ 'ಪರ್ಲ್ಸ್ ಅಂಡ್ ಸ್ಯಾವೇಜಸ್' ತೆಗೆದ. ಎರಡನೇ ಸಲ ನೀರಿನ ಮೇಲಿಳಿಯೋ ವಿಮಾನವನ್ನೇ ತೆಗೆದುಕೊಂಡು ಹೋದ. ಅಲ್ಲಿನ ಜನರ ಪವಿತ್ರ ವಸ್ತುಗಳನ್ನು ಒತ್ತಾಯದಿಂದ ಎತ್ತಿಕೊಂಡು ಬಂದ ಅನ್ನೋ ಆರೋಪ ಬಂತು. ಆಡಳಿತದವರು ಕೆಲವನ್ನು ಜಪ್ತಿ ಮಾಡಿದರು. ಆಮೇಲೆ ಕತೆ ಚಿತ್ರ ತೆಗೆಯಲು ಹೋದಾಗ ಪಾಪುವಾ ಬಾಗಿಲು ಹಾಕಿತು. ಪಿಕ್ಚರಿನ ಹೆಸರಲ್ಲೇ ಆ ಜನರನ್ನು ಕಾಡುಮನುಷ್ಯರು ಅಂದಿದ್ದ ಅನ್ನೋದನ್ನು ಇವತ್ತು ಓದಿದರೆ ಮುಜುಗರವಾಗುತ್ತದೆ.

1929ರಿಂದ 31ರವರೆಗೆ ಮತ್ತೆ ಮಾಸನ್ ಜೊತೆ ಅಂಟಾರ್ಟಿಕ. ಆಮೇಲೆ ಸಿಡ್ನಿಯ ಸಿನೆಸೌಂಡ್ ಸ್ಟುಡಿಯೋದಲ್ಲಿ 1933ರ 'ಸ್ಕ್ವಾಟರ್ಸ್ ಡಾಟರ್' ಮುಂತಾದ ಕತೆ ಚಿತ್ರಗಳಿಗೆ ಕ್ಯಾಮರಾ, ಜೊತೆಗೆ ಊರು ಕೇರಿಗಳ ಡಾಕ್ಯುಮೆಂಟರಿ.

ಎರಡನೇ ಮಹಾಯುದ್ಧ ಬಂದಾಗ ವಯಸ್ಸು ಐವತ್ತೈದರ ಹತ್ತಿರ. 1940ರಲ್ಲಿ ಮಧ್ಯಪ್ರಾಚ್ಯದಲ್ಲಿ ಆಸ್ಟ್ರೇಲಿಯಾದ ಸಿನಿಮಾ ತಂಡಕ್ಕೆ ಮುಖ್ಯಸ್ಥನಾದ. ಅವನ ಕೈಕೆಳಗೆ ಡೇಮಿಯನ್ ಪ್ಯಾರರ್ ಎಂಬ ಹುಡುಗನಿದ್ದ. ಹರ್ಲಿಗೆ ದೊಡ್ಡ ಆಕಾಶ, ಸಾಲು ಟ್ಯಾಂಕು ಬೇಕು. ಪ್ಯಾರರ್‌ಗೆ ಸಿಪಾಯಿಯ ಮುಖ ಬೇಕು. ಕಾಲ ಬದಲಾಗಿತ್ತು. ನ್ಯೂಗಿನಿಯ ಕೆಸರಿನಲ್ಲಿ ಪ್ಯಾರರ್ ತೆಗೆದ 'ಕೊಕೋಡಾ ಫ್ರಂಟ್ ಲೈನ್' 1943ರಲ್ಲಿ ಆಸ್ಟ್ರೇಲಿಯಾಕ್ಕೆ ಮೊದಲ ಆಸ್ಕರ್ ತಂದಿತು. ಮರುವರ್ಷವೇ ಆ ಹುಡುಗ ಕ್ಯಾಮರಾ ಹಿಡಿದೇ ಯುದ್ಧದಲ್ಲಿ ಸತ್ತ. ಹರ್ಲಿ ಬದುಕಿ ಮನೆಗೆ ಬಂದ. ಉಳಿದ ಕಾಲ ಆಸ್ಟ್ರೇಲಿಯಾ ಸುತ್ತಿ ಚಿತ್ರದ ಪುಸ್ತಕ, ಕ್ಯಾಲೆಂಡರ್ ಮಾಡಿದ. ಹುಟ್ಟಿದ ಕಸುಬು ಪೋಸ್ಟ್‌ಕಾರ್ಡಿಗೇ ವಾಪಸು ಬಂದ ಅನ್ನಿ. 1962ರ ಜನವರಿ 16ರಂದು ಸಿಡ್ನಿಯ ಮನೆಯಲ್ಲಿ ತೀರಿಕೊಂಡ. ವಯಸ್ಸು 76.

ಮೂರು ಕಿಲೋಮೀಟರ್ ಆಳದಲ್ಲಿ

2022ರ ಮಾರ್ಚ್ 5ರಂದು ವೆಡೆಲ್ ಸಮುದ್ರದ ತಳದಲ್ಲಿ, 3008 ಮೀಟರ್ ಆಳದಲ್ಲಿ ಎಂಡ್ಯೂರೆನ್ಸ್ ಹಡಗು ಸಿಕ್ಕಿತು. ಶ್ಯಾಕಲ್‌ಟನ್‌ನನ್ನು ಮಣ್ಣು ಮಾಡಿ ಅವತ್ತಿಗೆ ಸರಿಯಾಗಿ ನೂರು ವರ್ಷ. ಹಿಂಬದಿಯಲ್ಲಿ ಹೆಸರಿನ ಅಕ್ಷರ ಅಳಿಸಿರಲಿಲ್ಲ. ಆ ಚಿತ್ರ ಪೇಪರಿನಲ್ಲಿ ಬಂದ ದಿನ ಲೋಕದ ಜನ ನೋಡಿದ ಕೂಡಲೇ ಅದೇ ಹಡಗು ಅಂದರು. ಹೇಗೆ ಗುರುತು ಸಿಕ್ಕಿತು? ನೂರಿಪ್ಪತ್ತು ಗಾಜು ಉಳಿದಿದ್ದರಿಂದ. ಮುಳುಗೋ ಮುಂಚೆ ಅದನ್ನು ಹರ್ಲಿ ಎಲ್ಲರ ಕಣ್ಣಿನಲ್ಲಿ ಇಟ್ಟು ಹೋಗಿದ್ದ.

ಈಗ ನಮ್ಮೂರಿಗೆ ಬರೋಣ. ಹರ್ಲಿ 400 ಒಡೆದ. ಆದರೆ ಒಂದೊಂದನ್ನೂ ಬೆಳಕಿಗೆ ಹಿಡಿದು ನೋಡಿ ಒಡೆದ. ನಾವು ನೋಡದೆಯೇ ತೂಕಕ್ಕೆ ಹಾಕುತ್ತಿದ್ದೇವೆ. ಅಷ್ಟೇ ವ್ಯತ್ಯಾಸ. ಆ ಸ್ಟುಡಿಯೋದ ಗಾಜಿನಲ್ಲಿ ಮದುವೆ ಗಂಡು ಹೆಣ್ಣು ಮಾತ್ರ ಅಲ್ಲ, ಊರ ಹಳೇ ಸಂತೆ ಬೀದಿ ಇತ್ತು, ತೇರು ಇತ್ತು. ಇವನ್ನು ತೆಗೆದಿಡುತ್ತೀರಾ ಅಂತ ಒಂದು ಕಚೇರಿಗೆ ಹೋಗಿ ಕೇಳಿದೆ. ಅಲ್ಲಿ ಜಾಗವಿಲ್ಲವಂತೆ. ಗುಜರಿಯವನ ಹತ್ತಿರ ಎರಡು ಗಾಜು ಇಸಕೊಂಡು ಬಂದೆ. ಮಿಕ್ಕದ್ದು ಲಾರಿ ಹತ್ತಿತು.

ಅಂಗಡಿ ಸಾಹುಕಾರರೇ, ನಿಮ್ಮ ಅಟ್ಟದಲ್ಲೂ ಇಂಥ ಡಬ್ಬ ಇರಬಹುದು. ಕೊಡೋ ಮುಂಚೆ ಒಂದು ಸಲ ಬಿಸಿಲಿಗೆ ಹಿಡಿದು ನೋಡಿ. ಯಾರು, ಯಾವ ಊರು ಅಂತ ಗೊತ್ತಿದ್ದರೆ ಡಬ್ಬದ ಮೇಲೆ ಪೆನ್ಸಿಲಿನಲ್ಲಿ ಬರೆದಿಡಿ. ನನ್ನ ಮೇಜಿನ ಮೇಲಿರುವ ಮದುವೆ ಗಂಡು ಹೆಣ್ಣನ್ನು ಗುರುತಿಸಬಲ್ಲವರು ಯಾರಾದರೂ ಇದ್ದರೆ ಸಂಜೆ ಪೇಪರ್ ಕಟ್ಟುವ ಹೊತ್ತಿಗೆ ಆಫೀಸಿಗೆ ಬಂದು ತಗೊಂಡು ಹೋಗಬಹುದು. ದುಡ್ಡು ಬೇಡ.